ಐವತ್ತು ಸೆಕೆಂಡಿನ ಹಮಾಲರು

ದೋಹಾದಲ್ಲಿ ಸರಕು ಸಾಗಿಸುವ ಒಂದು ಕಂಪನಿಯಲ್ಲಿ ನಾನು ತರಬೇತಿ ಕೊಡುವವನು. ಹೊಸದಾಗಿ ಬಂದ ಕಾರ್ಮಿಕರಿಗೆ ಭಾರ ಎತ್ತುವುದು ಹೇಗೆ, ಏಣಿ ಹತ್ತುವುದು ಹೇಗೆ, ಫೋರ್ಕ್‌ಲಿಫ್ಟ್ ಹಿಂದಕ್ಕೆ ಬರುವಾಗ ಎಲ್ಲಿ ನಿಲ್ಲಬಾರದು ಎಂದೆಲ್ಲ ಹೇಳಿಕೊಡಬೇಕು. ಹದಿನೇಳು ವರ್ಷದಿಂದ ಇದನ್ನೇ ಹೇಳುತ್ತಿದ್ದೇನೆ. ಹಿಂದಿ, ಮಲಯಾಳ, ಜೊತೆಗೆ ಬಾಂಗ್ಲಾ ಮತ್ತು ನೇಪಾಳಿಯ ನಾಲ್ಕಾರು ಮಾತು. ನಾನಾದರೋ ಮಂಗಳೂರಿನಲ್ಲಿ ಬಿ.ಕಾಂ. ಮುಗಿಸಿ ನೇರ ಆಫೀಸಿನ ಕುರ್ಚಿಗೆ ಬಂದವನು. ಮದೀನತ್ ಖಲೀಫಾದ ಅಂಗಡಿಯಿಂದ ಕಾರಿನ ಡಿಕ್ಕಿಗೆ, ಡಿಕ್ಕಿಯಿಂದ ಐನ್ ಖಾಲಿದ್‌ನ ನಮ್ಮ ಮನೆಯ ಲಿಫ್ಟಿಗೆ ಹತ್ತು ಕಿಲೋ ಅಕ್ಕಿ ಚೀಲ ಹೊತ್ತದ್ದೇ ನನ್ನ ದೊಡ್ಡ ಭಾರ.

ಒಂದು ಹಳೆಯ ಮೂಕಿಚಿತ್ರ ನನ್ನ ತರಬೇತಿ ಕೋಣೆಗೆ ಬಂದದ್ದು ನಾಲ್ಕು ವರ್ಷದ ಹಿಂದೆ. ನಮ್ಮ ಸೇಫ್ಟಿ ಮ್ಯಾನೇಜರ್ ಅದನ್ನು ಇಂಟರ್ನೆಟ್ಟಿನಲ್ಲಿ ಎಲ್ಲೋ ಕಂಡು ತರಬೇತಿಯ ಸ್ಲೈಡುಗಳ ನಡುವೆ ಸೇರಿಸಿದ್ದರು. ನೂರು ವರ್ಷಕ್ಕೂ ಹಿಂದಿನದು. ಚೀನಾದ ಯಾವುದೋ ಬಂದರು. ಯಾವ ಊರು ಎಂದು ಎಲ್ಲೂ ಬರೆದಿರಲಿಲ್ಲ. ಐವತ್ತು ಸೆಕೆಂಡು. ಧ್ವನಿ ಇಲ್ಲ. ಹಡಗಿನಿಂದ ದಡಕ್ಕೆ ಎರಡು ಹಲಗೆ ಹಾಕಿದ್ದಾರೆ. ಒಂದರ ಮೇಲೆ ಭಾರ ಹೊತ್ತವರು ಇಳಿಯುತ್ತಾರೆ, ಇನ್ನೊಂದರ ಮೇಲೆ ಖಾಲಿ ಕೈಯವರು ಹತ್ತುತ್ತಾರೆ. ಕೆಲವರ ಬೆನ್ನ ಮೇಲೆ ಒಂದೊಂದು ಚೀಲ. ಉಳಿದವರು ಜೋಡಿ ಜೋಡಿ, ಹೆಗಲ ಮೇಲೆ ಬಿದಿರಿನ ಅಡ್ಡೆ, ನಡುವೆ ಹಗ್ಗದಲ್ಲಿ ತೂಗುವ ದೊಡ್ಡ ಮೂಟೆ. ಬರಿಗಾಲು. ದಡದಲ್ಲಿ ಟೊಪ್ಪಿ ಹಾಕಿದ ಒಬ್ಬ ಕೋಲು ಹಿಡಿದು ನಿಂತಿದ್ದಾನೆ. ಕೊನೆಯ ಕಡೆಗೆ ಒಂದು ಜೋಡಿಯ ಹಿಂಬದಿಯವನ ಕಾಲು ಹಲಗೆಯ ತುದಿಯಲ್ಲಿ ಜಾರುತ್ತದೆ. ಅವನು ಮೊಣಕಾಲೂರಿ ಕೂರುತ್ತಾನೆ, ಮೂಟೆ ನೆಲಕ್ಕೆ ತಾಗುತ್ತದೆ. ಟೊಪ್ಪಿಯವನು ಅತ್ತ ತಿರುಗುತ್ತಾನೆ. ಅಷ್ಟರಲ್ಲಿ ಯಾರದೋ ಬೆನ್ನು ಕ್ಯಾಮೆರಾಕ್ಕೆ ಅಡ್ಡ ಬರುತ್ತದೆ. ಆ ಬೆನ್ನು ಸರಿಯುವ ಮೊದಲೇ ಚಿತ್ರ ಮುಗಿಯುತ್ತದೆ.

ಸ್ಲೈಡಿನ ಮೇಲೆ ದಪ್ಪ ಕೆಂಪು ಅಕ್ಷರದಲ್ಲಿ ‘ತಪ್ಪು ವಿಧಾನ’ ಎಂದು ಇಂಗ್ಲಿಷಿನಲ್ಲಿತ್ತು. ಅದರ ಮುಂದಿನದು ‘ಸರಿಯಾದ ವಿಧಾನ’. ಬಣ್ಣದ ಚಿತ್ರ, ಹೆಲ್ಮೆಟ್ ಹಾಕಿದ ಗೊಂಬೆಯಂಥ ಮನುಷ್ಯ, ಮೊಣಕಾಲು ಬಗ್ಗಿಸಿ ಬೆನ್ನು ನೆಟ್ಟಗಿಟ್ಟು ಪೆಟ್ಟಿಗೆಯನ್ನು ಎದೆಗೊತ್ತಿಕೊಂಡಿದ್ದಾನೆ. ಚಿತ್ರಕ್ಕೆ ಧ್ವನಿ ಇಲ್ಲದ್ದರಿಂದ ಆ ಐವತ್ತು ಸೆಕೆಂಡೂ ನಾನು ಮಾತಾಡಬೇಕಿತ್ತು. “ನೋಡಿ, ಬೆನ್ನು ಹೇಗೆ ಬಾಗಿದೆ. ನೋಡಿ, ಕಾಲಲ್ಲಿ ಚಪ್ಪಲಿಯೂ ಇಲ್ಲ. ಈಗ ಬೀಳ್ತಾನೆ ನೋಡಿ.” ಹಳೆಯ ಚಿತ್ರವಾದ್ದರಿಂದ ಅದು ವೇಗವಾಗಿ ಓಡುತ್ತಿತ್ತು. ಮನುಷ್ಯರು ಪುಟಪುಟ ಓಡಾಡುವುದನ್ನು ಕಂಡು ಹುಡುಗರು ಗೊಳ್ಳೆಂದು ನಗುತ್ತಿದ್ದರು. ಬಿದ್ದಾಗ ಇನ್ನೂ ಜೋರು ನಗು. ಬೆಳಗಿನ ಎಂಟು ಗಂಟೆಯ ಕ್ಲಾಸು, ಎ.ಸಿ. ತಂಪಿಗೆ ಅರ್ಧ ಜನ ತೂಕಡಿಸುವವರು. ಅವರನ್ನು ಎಬ್ಬಿಸಲು ಆ ನಗು ನನಗೂ ಬೇಕಿತ್ತು. ಎಲ್ಲಿ ನಿಲ್ಲಿಸಿ ಏನು ಹೇಳಿದರೆ ನಗುತ್ತಾರೆ ಎಂದು ಚೆನ್ನಾಗಿ ಅಭ್ಯಾಸವೂ ಆಗಿತ್ತು.

ಕಳೆದ ವರ್ಷ ಬೇಸಿಗೆ ಶುರುವಾಗುವ ಮೊದಲು ಬಂದ ಒಂದು ತಂಡದಲ್ಲಿ ಗದಗ ಕಡೆಯವರೊಬ್ಬರಿದ್ದರು. ನಲವತ್ತನಾಲ್ಕು ವರ್ಷ. ಆ ತಂಡದಲ್ಲಿ ಎಲ್ಲರಿಗಿಂತ ಹಿರಿಯರು ಅವರೇ. ಕುಳ್ಳಗೆ, ಗಟ್ಟಿ ಮೈ, ಕತ್ತಿನ ಹಿಂದೆ ಚರ್ಮ ದಪ್ಪಗಾಗಿ ಒಂದು ದಿಂಡಿನಂತೆ ಎದ್ದಿತ್ತು. ಹಾಜರಿ ಹಾಳೆಯಲ್ಲಿ ಕನ್ನಡದಲ್ಲಿ ರುಜು ಹಾಕಿದ್ದನ್ನು ಕಂಡು ಮಾತಾಡಿಸಿದೆ.

“ಊರಲ್ಲಿ ಏನು ಕೆಲಸ?”

“ಹಮಾಲಿ ರೀ ಸಾಹೇಬ್ರ. ಎಪಿಎಂಸಿಯೊಳಗ. ಶೇಂಗಾ, ಕಡ್ಲಿ, ಮೆಣಸಿನಕಾಯಿ, ಏನ್ ಬಂದ್ರ ಅದು. ಇಪ್ಪತ್ತಾರು ವರ್ಷ ಹೊತ್ತೀನಿ.”

ಅಂದೂ ಚಿತ್ರ ಓಡಿತು. ನಾನು ಎಂದಿನ ಮಾತು ಹೇಳಿದೆ, ಹುಡುಗರು ನಕ್ಕರು. ಈ ಮನುಷ್ಯ ಮಾತ್ರ ನಗಲಿಲ್ಲ. ಮುಂದಿನ ಬೆಂಚಿಗೆ ಎರಡೂ ಕೈ ಊರಿ, ಮುಖ ಮುಂದೆ ಚಾಚಿ ನೋಡುತ್ತಿದ್ದರು. ಮುಗಿದ ಮೇಲೆ ಕೈ ಎತ್ತಿದರು.

“ಸಾಹೇಬ್ರ, ಇದನ್ನ ಸ್ವಲ್ಪ ನಿಧಾನ ಮಾಡಾಕ ಬರ್ತೈತೇನ್ರಿ? ಹಿಂಗ ಯಾರೂ ನಡ್ಯಾಂಗಿಲ್ಲ.”

ಮಾಡಿ ನೋಡಿರಲಿಲ್ಲ. ಲ್ಯಾಪ್‌ಟಾಪಿನಲ್ಲಿ ಹುಡುಕಿದೆ, ವೇಗ ಕಡಿಮೆ ಮಾಡುವ ಗುಂಡಿ ಸಿಕ್ಕಿತು. ಅರ್ಧಕ್ಕಿಂತ ಸ್ವಲ್ಪ ಮೇಲೆ ಇಟ್ಟು ಮತ್ತೆ ಓಡಿಸಿದೆ.

ಕೋಣೆಯೊಳಗೆ ನಗು ನಿಂತುಹೋಯಿತು. ಅದೇ ಹಲಗೆ, ಅದೇ ಜನ. ಆದರೆ ಈಗ ಅವರು ನಡೆಯುತ್ತಿದ್ದರು. ಹೆಜ್ಜೆ ಇಟ್ಟಾಗ ಹಲಗೆ ಬಳುಕುವುದು, ಬಳುಕಿದ್ದು ಮೇಲೆ ಬರುವ ಹೊತ್ತಿಗೆ ಮುಂದಿನ ಹೆಜ್ಜೆ ಬೀಳುವುದು ಕಾಣುತ್ತಿತ್ತು. ಕಾಲಿನ ಮೀನಖಂಡದಲ್ಲಿ ನರ ಉಬ್ಬುವುದು ಕಾಣುತ್ತಿತ್ತು. ಅಷ್ಟು ಸಲ ನೋಡಿದ ನನಗೆ ಅವರಿಗೆ ಮುಖ ಇದ್ದದ್ದು ಅವತ್ತೇ ಕಂಡದ್ದು ಎಂದರೆ ನಾಚಿಕೆಯಾಗುತ್ತದೆ. ಚಿಕ್ಕಂದಿನಲ್ಲಿ ಮಂಗಳೂರಿನ ಹಳೆ ಬಂದರಿನಲ್ಲಿ ಮಂಜಿ ಹಡಗಿಗೆ ಹಂಚು ತುಂಬುವವರನ್ನು ಎಷ್ಟು ನೋಡಿದ್ದೆ! ಅವರಲ್ಲಿ ಒಬ್ಬನ ಮುಖವೂ ನನಗೆ ನೆನಪಿಲ್ಲ.

“ಹಾಡಾಕತ್ತಾರ ನೋಡ್ರಿ,” ಎಂದರು ಗದಗಿನವರು.

“ಯಾರು?”

“ಅವರ ರೀ, ಜೋಡಿ ಹೊತ್ತವರು. ಬಾಯಿ ನೋಡ್ರಿ. ಮುಂದಿನವ ಒಂದ್ ಮಾತು ಅಂತಾನ, ಹಿಂದಿನವ ಜವಾಬು ಕೊಡ್ತಾನ. ಹಂಗ ಅನ್ನದಿದ್ರ ಹೆಜ್ಜಿ ಕೂಡಾಂಗಿಲ್ಲ. ಹೆಜ್ಜಿ ತಪ್ಪಿದ್ರ ಅಡ್ಡಿ ಕುಣೀತೈತಿ, ಹೆಗಲು ಕಡೀತೈತಿ.”

ಹೌದು, ಬಾಯಿ ಅಲ್ಲಾಡುತ್ತಿತ್ತು. ಎಡಗಾಲು ಬಿದ್ದಾಗ ಮುಂದಿನವನದು, ಬಲಗಾಲಿಗೆ ಹಿಂದಿನವನದು. ನಾನು ಅವರ ಬಾಯಿಯ ಮೇಲೆ ನನ್ನ ಮಾತು ಹೇರುತ್ತ ಬಂದಿದ್ದೆ. ಗದಗಿನವರು ಎದ್ದು ಪರದೆಯ ಹತ್ತಿರ ಬಂದರು. ಕಾಲು ಜಾರುವ ಜಾಗ ಬಂದಾಗ, “ನಿಲ್ಲಿಸ್ರಿ” ಎಂದರು. ನಿಲ್ಲಿಸಿದೆ. ಬಿದ್ದವನನ್ನು ಬಿಟ್ಟು ಮುಂದಿನವನ ಮೊಣಕಾಲಿನ ಮೇಲೆ ಬೆರಳಿಟ್ಟರು.

“ಇವ ನೋಡ್ರಿ. ಹಿಂದ ತಿರುಗಿ ಸುದ್ದಾ ನೋಡಿಲ್ಲ. ಆದ್ರೂ ತಾನೂ ಕೂತಾನ. ಇವ ನಿಂತಿದ್ರ ಭಾರ ಎಲ್ಲಾ ಹಿಂದ ಜಾರಿ ಅವನ ಎದಿ ಮ್ಯಾಲ ಬರ್ತಿತ್ತು. ಹಮಾಲಿ ಕಲಿಯೋದಂದ್ರ ಇದ ರೀ.” ಆಮೇಲೆ ಟೊಪ್ಪಿಯವನನ್ನು ನೋಡಿ, “ಮುಂದ ಏನಾತು, ಗೊತ್ತೈತೇನ್ರಿ?” ಎಂದು ಕೇಳಿದರು.

“ಇಷ್ಟೇ ಇರುವುದು. ಗೊತ್ತಿಲ್ಲ.”

ಕ್ಲಾಸು ಮುಗಿದ ಮೇಲೆ ಅವರು ಚಹಾ ಕಪ್ಪು ಹಿಡಿದು ನನ್ನ ಮೇಜಿನ ಹತ್ತಿರ ಬಂದು ನಿಂತರು. ಕೂರಿ ಎಂದರೂ ಕೂರಲಿಲ್ಲ. “ಒಂದ್ ಮಾತು ಕೇಳ್ತೀನಿ, ತಪ್ಪು ತಿಳ್ಕೋಬ್ಯಾಡ್ರಿ. ನೀವು ತೋರಿಸಿದ್ರಲ್ಲ, ಎದಿಗೆ ಒತ್ತಿ ಎತ್ತೋದು, ಅದು ಡಬ್ಬಿಗೆ ಸರಿ. ಚೀಲ ಹಂಗ ಎತ್ತಾಕ ಆಗಾಂಗಿಲ್ರಿ. ಚೀಲ ಬೆನ್ನಿಗೆ ಬರಬೇಕು. ನಾ ನಮ್ಮ ಪದ್ಧತಿ ಮಾಡ್ಲ್ಯಾ, ನಿಮ್ಮ ಪದ್ಧತಿ ಮಾಡ್ಲ್ಯಾ?”

ನಾನು ಏನು ಹೇಳಿದೆ ಎಂಬುದು ನನಗೆ ಅಕ್ಷರಶಃ ನೆನಪಿದೆ. “‘ಸರಿಯಾದ ವಿಧಾನ’ದ ಸ್ಲೈಡಿನಲ್ಲಿ ಇದ್ದ ಹಾಗೇ ಮಾಡಿ. ಬೆನ್ನ ಮೇಲೆ ಹೊತ್ತದ್ದು ಸೇಫ್ಟಿಯವರ ಕಣ್ಣಿಗೆ ಬಿದ್ದರೆ ವಾರ್ನಿಂಗ್ ಲೆಟರ್ ಕೊಡ್ತಾರೆ. ಎರಡು ಸಲ ಆದರೆ ಮನೆಗೆ ಕಳಿಸ್ತಾರೆ. ನಿಮ್ಮ ಒಳ್ಳೇದಕ್ಕೇ ಹೇಳ್ತಿದ್ದೇನೆ.”

“ಆತ್ರಿ,” ಎಂದರು. ಕಪ್ಪು ತಾವೇ ತೊಳೆದಿಟ್ಟು ಹೋದರು.

ಆಗಸ್ಟಿನಲ್ಲಿ ಅಕ್ಕಿಯ ಕಂಟೇನರುಗಳು ಒಟ್ಟಿಗೆ ಬಂದವು. ಕಂಟೇನರಿನೊಳಗೆ ಚೀಲಗಳನ್ನು ನೆಲದಿಂದ ಮಾಡಿನ ತನಕ ಹಾಗೆಯೇ ಒಟ್ಟಿರುತ್ತಾರೆ. ಫೋರ್ಕ್‌ಲಿಫ್ಟ್ ಒಳಗೆ ಹೋಗುವುದಿಲ್ಲ, ಕೈಯಲ್ಲೇ ಇಳಿಸಬೇಕು. ಚೀಲ ಒಂದಕ್ಕೆ ನಲವತ್ತು ಕಿಲೋ. ಬೇಸಿಗೆಯ ಮಧ್ಯಾಹ್ನ ಇಲ್ಲಿ ಬಿಸಿಲಲ್ಲಿ ಕೆಲಸ ಮಾಡಿಸುವಂತಿಲ್ಲ, ಆದರೆ ಶೆಡ್ಡಿನೊಳಗೆ ನಿಲ್ಲಿಸಿದ ಕಂಟೇನರ್ ಎಂದರೆ ನೆರಳಿನ ಕೆಲಸ ಎಂದು ಲೆಕ್ಕ. ಒಳಗೆ ಹೋಗಿ ನಿಂತವರಿಗೆ ಗೊತ್ತು ಅದು ಎಂಥ ನೆರಳೆಂದು. ಎಂಟು ಜನ ಇರಬೇಕಾದಲ್ಲಿ ನಾಲ್ಕು ಜನ ಇದ್ದರು. ಉಳಿದವರನ್ನು ಇನ್ನೊಂದು ಶೆಡ್ಡಿಗೆ ಕಳಿಸಿದ್ದರು. ಫೋರ್‌ಮನ್ ಬಾಗಿಲಲ್ಲಿ ನಿಂತು “ಯಲ್ಲಾ, ಯಲ್ಲಾ, ಬೇಗ ಬೇಗ, ಊಟಕ್ಕೆ ಮೊದಲು ಖಲಾಸ್ ಮಾಡಿ” ಎನ್ನುತ್ತಿದ್ದನಂತೆ. ಅವನ ತಲೆಯ ಮೇಲೂ ಯಾರೋ ಹಾಗೆಯೇ ಕೂಗುತ್ತಿದ್ದಿರಬೇಕು.

ಇದನ್ನೆಲ್ಲ ನನಗೆ ಹೇಳಿದ್ದು ಜೊತೆಯಲ್ಲಿದ್ದ ಒಬ್ಬ ನೇಪಾಳಿ. ಸೇಫ್ಟಿಯವರು ಬೆಳಿಗ್ಗೆ ಒಂದು ಸುತ್ತು ಬಂದು, ಗದಗಿನವರು ಬೆನ್ನ ಮೇಲೆ ಹೊರುವುದನ್ನು ಕಂಡು ಬಾಯಿಮಾತಿನ ಎಚ್ಚರಿಕೆ ಕೊಟ್ಟು ಹೋದರಂತೆ. ಆಮೇಲೆ ಅವರು ನಾನು ಕಲಿಸಿದಂತೆಯೇ ಎತ್ತತೊಡಗಿದರು. ಕೆಳಗಿನ ಸಾಲಿನ ಚೀಲ. ಮೊಣಕಾಲು ಬಗ್ಗಿಸಿ, ಬೆನ್ನು ನೆಟ್ಟಗಿಟ್ಟು, ಎದೆಗೊತ್ತಿಕೊಂಡು. ಹಿಡಿಯಲು ಮೂಲೆಯಿಲ್ಲದ ನುಣುಪು ಚೀಲ. ಹತ್ತೋ ಹನ್ನೆರಡೋ ಆದ ಮೇಲೆ ಒಂದು ಚೀಲ ಅರ್ಧಕ್ಕೆ ಬಂದಾಗ ಜಾರಿತು. ಬಿಡಬಹುದಿತ್ತು, ಬಿಡಲಿಲ್ಲ. ತಿರುಗಿ ಹಿಡಿಯಲು ಹೋದರು. “ಕಟ್ಟಿಗೆ ಮುರಿದ ಹಾಗೆ ಕೇಳಿಸಿತು ಸರ್,” ಎಂದ ನೇಪಾಳಿ. ಅದು ನಿಜವಾಗಿ ಕೇಳಿಸಿತೋ, ಅವನಿಗೆ ಹಾಗನ್ನಿಸಿತೋ ಗೊತ್ತಿಲ್ಲ. ಅವರು ಕೂಗಲಿಲ್ಲವಂತೆ. ಚೀಲಗಳ ಮೇಲೆ ಮುಖ ಇಟ್ಟು ಹಾಗೆಯೇ ಉಳಿದರಂತೆ.

ಆಸ್ಪತ್ರೆಯಲ್ಲಿ ಬೆನ್ನಿನ ಮೂಳೆಗಳ ನಡುವಿನ ಡಿಸ್ಕ್ ಜರುಗಿದೆ ಎಂದರು. ಎಡಗಾಲು ಸರಿಯಾಗಿ ಏಳುತ್ತಿರಲಿಲ್ಲ.

ಮೂರನೆಯ ದಿನ ಸೇಫ್ಟಿ ಮ್ಯಾನೇಜರ್ ನನ್ನನ್ನು ಕರೆದರು. ಅವರು ಕೆಟ್ಟವರಲ್ಲ, ಇದನ್ನು ಹೇಳಲೇಬೇಕು. ನನ್ನ ಹೆಂಡತಿಗೆ ಆಪರೇಷನ್ ಆದಾಗ ಎರಡು ವಾರ ಕೇಳದೆಯೇ ರಜೆ ಕೊಟ್ಟವರು. ಮೇಜಿನ ಮೇಲೆ ವರದಿಯ ನಮೂನೆ ಇತ್ತು.

“ಆ ದಿನದ ಹಾಜರಿ ಹಾಳೆ ಬೇಕು. ಇವರ ರುಜು ಇರುವುದು.”

“ಯಾಕೆ ಸರ್?”

“ತರಬೇತಿ ಆಗಿತ್ತು ಅನ್ನುವುದಕ್ಕೆ.”

ನಾನು ನೇಪಾಳಿ ಹೇಳಿದ್ದನ್ನೆಲ್ಲ ಹೇಳಿದೆ. ಗದಗಿನವರು ನಾನು ಕಲಿಸಿದ ವಿಧಾನದಲ್ಲೇ ಎತ್ತುತ್ತಿದ್ದರು, ತಮ್ಮ ಪದ್ಧತಿಯಲ್ಲಿ ಎತ್ತಿದ್ದರೆ ಬಹುಶಃ ಏನೂ ಆಗುತ್ತಿರಲಿಲ್ಲ ಎಂದೂ ಹೇಳಿದೆ. ಮ್ಯಾನೇಜರ್ ತಾಳ್ಮೆಯಿಂದ ಕೇಳಿದರು.

“ಇಪ್ಪತ್ತೈದು ಕಿಲೋ ಮೀರಿದರೆ ಇಬ್ಬರು ಎತ್ತಬೇಕು ಎಂದು ನಿಮ್ಮ ಸ್ಲೈಡಿನಲ್ಲಿ ಇದೆಯೋ ಇಲ್ಲವೋ?”

“ಇದೆ.”

“ಅವರು ಒಬ್ಬರೇ ಎತ್ತಿದರೋ ಇಲ್ಲವೋ?”

“ಎಂಟು ಜನರ ಕೆಲಸಕ್ಕೆ ನಾಲ್ಕೇ ಜನ, ಎರಡನೆಯವ ಇರಲಿಲ್ಲ ಸರ್.”

“ಇಲ್ಲದಿದ್ದರೆ ಕೆಲಸ ನಿಲ್ಲಿಸಬಹುದಿತ್ತು. ಅದೂ ಸ್ಲೈಡಿನಲ್ಲಿದೆ.”

ಅದೂ ಇತ್ತು. ‘ಅಪಾಯ ಕಂಡರೆ ಕೆಲಸ ನಿಲ್ಲಿಸುವ ಹಕ್ಕು ನಿಮಗಿದೆ.’ ಪ್ರತಿ ಕ್ಲಾಸಿನಲ್ಲೂ ಅದನ್ನು ನಾನೇ ಎರಡೆರಡು ಸಲ ಹಿಂದಿಯಲ್ಲಿ ಗಟ್ಟಿಯಾಗಿ ಓದುತ್ತಿದ್ದೆ. ಫೋರ್‌ಮನ್ ಬಾಗಿಲಲ್ಲಿ ನಿಂತು ಕೂಗುವಾಗ ಯಾವ ಹಮಾಲ ಕೈಕಟ್ಟಿ ನಿಂತು ‘ನನಗೆ ಹಕ್ಕಿದೆ’ ಅನ್ನುತ್ತಾನೆ ಎಂದು ನಾನು ಒಂದು ದಿನವೂ ಯೋಚಿಸಿರಲಿಲ್ಲ.

“ನೀವು ಹೇಳಿದ್ದನ್ನು ಬರೆದುಕೊಡಿ, ಸೇರಿಸೋಣ,” ಎಂದರು. ನನ್ನ ಕೋಣೆಗೆ ಬಂದು ಒಂದು ಪುಟ ಬರೆದು ಕಳಿಸಿದೆ. ಸಂಜೆಗೆ ವರದಿಯ ಪ್ರತಿ ಬಂತು. ನನ್ನ ಪುಟ ಒಂದು ಸಾಲಾಗಿತ್ತು: ‘ತರಬೇತುದಾರರು ವಿಷಯವನ್ನು ವಿವರವಾಗಿ ತಿಳಿಸಿದ್ದಾಗಿ ದೃಢಪಡಿಸಿದ್ದಾರೆ.’ ಕೆಳಗೆ ನನ್ನ ರುಜುವಿಗೆ ಜಾಗ.

ಮನೆಗೆ ಹೋಗಿ ಹೆಂಡತಿಗೆ ಹೇಳಿದೆ. ಮಗಳು ಹನ್ನೆರಡನೆಯ ಕ್ಲಾಸು, ಪರೀಕ್ಷೆಗೆ ಆರು ತಿಂಗಳಿತ್ತು. ನಮ್ಮ ಮೂವರ ವೀಸಾವೂ ನನ್ನ ಕೆಲಸಕ್ಕೆ ಅಂಟಿಕೊಂಡಿರುವುದು. ಹೆಂಡತಿ ಸೊಪ್ಪು ಬಿಡಿಸುತ್ತಿದ್ದವಳು ಕೈ ನಿಲ್ಲಿಸಿ, “ದಾದ ಮಲ್ಪುನಿ?” ಎಂದಳು ತುಳುವಿನಲ್ಲಿ. ಏನು ಮಾಡುವುದು ಎಂದು. ರುಜು ಹಾಕು ಎಂದೂ ಅನ್ನಲಿಲ್ಲ, ಬೇಡ ಎಂದೂ ಅನ್ನಲಿಲ್ಲ. ನಾನೂ ಅವಳಿಂದ ಅದನ್ನು ಹೇಳಿಸಲಿಲ್ಲ.

ಮರುದಿನ ಬೆಳಿಗ್ಗೆ ರುಜು ಹಾಕಿದೆ. ಹಾಜರಿ ಹಾಳೆಯನ್ನೂ ಕೊಟ್ಟೆ. ಕೊಡುವ ಮೊದಲು ಆ ಕನ್ನಡದ ರುಜುವನ್ನು ನೋಡಿದೆ. ಗುಂಡಗಿನ, ಶಾಲೆಯ ಮಕ್ಕಳ ಹಾಗೆ ಒತ್ತಿ ಬರೆದ ಅಕ್ಷರ. ಕಡೆಯ ಅಕ್ಷರಕ್ಕೆ ಪೆನ್ನು ಕಾಗದವನ್ನು ತೂತು ಮಾಡಿತ್ತು.

ಶುಕ್ರವಾರ ಅವರನ್ನು ನೋಡಲು ಕಾರ್ಮಿಕರ ಕ್ಯಾಂಪಿಗೆ ಹೋದೆ. ಆಸ್ಪತ್ರೆಯಿಂದ ಬಿಟ್ಟಿದ್ದರು. ಆರು ಜನರ ಕೋಣೆ, ಕೆಳಗಿನ ಮಂಚದ ಹುಡುಗನೊಬ್ಬ ತನ್ನ ಜಾಗ ಬಿಟ್ಟುಕೊಟ್ಟಿದ್ದ. ಅವರು ಒಂದೇ ಮಗ್ಗುಲಲ್ಲಿ ಮಲಗಿದ್ದರು. ನನ್ನನ್ನು ಕಂಡು ಏಳಲು ಹೋದವರು ಹಲ್ಲು ಕಚ್ಚಿ ಹಾಗೇ ಉಳಿದರು. ಕಿತ್ತಳೆ ಹಣ್ಣಿನ ಚೀಲ ಪಕ್ಕದಲ್ಲಿಟ್ಟೆ. ಬೈಯಲಿ ಎಂದು ಕಾದೆ. ಬೈದಿದ್ದರೆ ಚೆನ್ನಾಗಿತ್ತು.

“ನಾನು ತಪ್ಪು ಹೇಳಿಕೊಟ್ಟೆ,” ಎಂದೆ.

“ನೀವೇನ್ ಮಾಡ್ತೀರಿ ಸಾಹೇಬ್ರ. ನಿಮಗೂ ಹಂಗ ಹೇಳು ಅಂತ ಮ್ಯಾಲಿನವರು ಹೇಳಿರ್ತಾರ.”

“ವರದಿಗೆ ರುಜು ಹಾಕಿದೆ. ನಿಮ್ಮದೇ ತಪ್ಪು ಅನ್ನುವ ಹಾಗೆ ಬರೆದಿದ್ದಾರೆ.”

“ನನ್ನ ಕಡಿಂದನೂ ರುಜು ಹಾಕಿಸಿಕೊಂಡ್ರು ರೀ. ಇಂಗ್ಲಿಷಿನ್ಯಾಗ ಇತ್ತು. ಏನೈತಿ ಅಂತ ಕೇಳ್ಳಿಲ್ಲ.” ಆಮೇಲೆ ಮಾತು ಬದಲಿಸುವವರಂತೆ, “ಆ ಪಿಚ್ಚರ್ ನನ್ನ ಮೊಬೈಲಿಗೆ ಹಾಕ್ತೀರೇನ್ರಿ? ನಿಧಾನ ಮಾಡಿದ್ದು. ಊರಾಗ ನಮ್ಮ ಗ್ಯಾಂಗಿನವರಿಗೆ ತೋರಸ್ತೀನಿ. ಸಮುದ್ರದ ಆಚೀನೂ ಹಮಾಲರು ನಮ್ಮಂಗ ಅದಾರ ಅಂದ್ರ ನಂಬಾಂಗಿಲ್ಲ ಅವರು,” ಎಂದರು.

ಅಲ್ಲೇ ಕೂತು ಕಳಿಸಿದೆ. ನನ್ನ ಕೈಲಾದದ್ದು ಅದೊಂದೇ. ಅವರು ಮೊಬೈಲನ್ನು ಮುಖದ ಹತ್ತಿರ ಹಿಡಿದು ಇಡೀ ಚಿತ್ರ ನೋಡಿದರು. ಕೋಣೆಯ ಹುಡುಗರೂ ಬಗ್ಗಿ ನೋಡಿದರು. ಒಬ್ಬ ಸೌಂಡ್ ಜಾಸ್ತಿ ಮಾಡಿ ಎಂದ. ಇದಕ್ಕೆ ಸೌಂಡ್ ಇಲ್ಲ ಎಂದು ಅವರು ಅವನಿಗೆ ಹಿಂದಿಯಲ್ಲಿ ಹೇಳಿ, ಚಿತ್ರದವರ ತುಟಿಗಳನ್ನು ತೋರಿಸಿದರು.

ಹದಿನೈದು ದಿನದಲ್ಲಿ ಅವರನ್ನು ಊರಿಗೆ ಕಳಿಸಿದರು. ಏರ್‌ಪೋರ್ಟಿಗೆ ಹೋಗೋಣವೆಂದಿದ್ದೆ. ಅದೇ ಬೆಳಿಗ್ಗೆ ಹೊಸ ತಂಡವೊಂದು ಬಂತು, ಹೋಗಲಾಗಲಿಲ್ಲ. ಆ ಕ್ಲಾಸಿಗೆ ಮೊದಲು ಮ್ಯಾನೇಜರ್ ಹತ್ತಿರ ಹೋಗಿ, ಆ ಚಿತ್ರವನ್ನು ತೆಗೆದುಬಿಡೋಣ ಎಂದು ಕೇಳಿದ್ದೆ. ಅವರಿಗೆ ಆಶ್ಚರ್ಯವಾಯಿತು. “ಯಾಕೆ? ಕ್ಲಾಸಿನಲ್ಲಿ ಏನು ಇಷ್ಟವಾಯಿತು ಅಂತ ಕೇಳಿದರೆ ಎಲ್ಲರೂ ಅದನ್ನೇ ಹೇಳುತ್ತಾರೆ.” ನಿಧಾನ ಮಾಡಿ ತೋರಿಸಲೇ ಎಂದೆ. ಸಮಯ ಸಾಲದು ಎಂದರು. ಈಗಲೂ ಅದು ಓಡುತ್ತದೆ, ಅದೇ ವೇಗದಲ್ಲಿ. ನಾನು ಆ ಐವತ್ತು ಸೆಕೆಂಡು ಮಾತಾಡುವುದಿಲ್ಲ, ಪರದೆಗೆ ಬೆನ್ನು ಮಾಡಿ ಹಾಜರಿ ಹಾಳೆ ಜೋಡಿಸುತ್ತೇನೆ. ಆದರೂ ನಗುತ್ತಾರೆ.

ಯುಗಾದಿ ಕಳೆದ ಮೇಲೆ ಒಂದು ದಿನ ಮಧ್ಯಾಹ್ನ ಅವರ ಫೋನು ಬಂತು. ಕಾಲು ಅರ್ಧ ಸರಿಯಾಗಿದೆಯಂತೆ. ಕೂತರೆ ಏಳಲು ಒಬ್ಬರು ಕೈ ಕೊಡಬೇಕು. ಎಪಿಎಂಸಿಯಲ್ಲಿ ಖಾಲಿ ಚೀಲ ಹೊಲಿಯುವ ಕೆಲಸ ಕೊಟ್ಟಿದ್ದಾರೆ. ಎಲ್ಲ ಹೇಳಿಯಾದ ಮೇಲೆ, “ಸಾಹೇಬ್ರ, ನನ್ನ ತಮ್ಮ ಅದಾನ್ರಿ. ಮೂವತ್ತೆಂಟು ವರ್ಷ. ಗಟ್ಟಿ ಅದಾನ. ನಿಮ್ಮಲ್ಲಿ ಏನರ ನೋಡ್ತೀರೇನು?” ಎಂದರು.

“ಬೇಡ,” ಎಂದೆ. “ನಿಮಗೇ ಹೀಗಾಯಿತಲ್ಲ, ಮತ್ತೆ ಅವರನ್ನು ಯಾಕೆ ಕಳಿಸ್ತೀರಿ?”

“ಮತ್ತೇನ್ ಮಾಡಬೇಕ್ರಿ ಅವ?”

ನಿಜವಾಗಿಯೂ ತಿಳಿಯಬೇಕೆಂದೇ ಕೇಳಿದ್ದರು. ನೋಡೋಣ ಎಂದೆ. ಸಂಜೆ ವಾಟ್ಸಾಪಿನಲ್ಲಿ ತಮ್ಮನ ಪಾಸ್‌ಪೋರ್ಟಿನ ಪ್ರತಿ ಬಂತು. ಅಣ್ಣನದೇ ಮುಖ, ಮೀಸೆ ಮಾತ್ರ ಬೇರೆ. ಅದನ್ನು ನಾನು ಯಾರಿಗೂ ಕಳಿಸಲಿಲ್ಲ. ನಮ್ಮಲ್ಲಿಗೆ ಬಂದರೆ ನನ್ನದೇ ಕ್ಲಾಸಿನಲ್ಲಿ ಕೂರಬೇಕಲ್ಲ ಎಂದು ಹೆದರಿದೆ. ಸುಮ್ಮನಿದ್ದರೆ ಆಸೆ ಬಿಡುತ್ತಾರೆ ಎಂದುಕೊಂಡೆ.

ಬಿಡಲಿಲ್ಲ. ಜೂನ್ ತಿಂಗಳಲ್ಲಿ ಇಲ್ಲಿಯದೇ ಒಂದು ಹೊಸ ನಂಬರಿನಿಂದ ಕರೆ ಬಂತು. ತಮ್ಮ. ಯಾರೋ ಏಜೆಂಟನ್ನು ಹಿಡಿದು ಬೇರೊಂದು ಕಂಪನಿಗೆ ಬಂದಿದ್ದ. ಎಲ್ಲಿ ಎಂದು ಕೇಳಿದರೆ ಜಾಗದ ಹೆಸರು ಅವನಿಗೆ ಗೊತ್ತಿಲ್ಲ. ಬಸ್ಸು ಕರೆದುಕೊಂಡು ಹೋಗುತ್ತದೆ, ಕರೆದುಕೊಂಡು ಬರುತ್ತದೆ, ಸುತ್ತ ಗೋಡೆ ಇದೆ ಎಂದ. ಶುಕ್ರವಾರ ಬಂದು ನೋಡುತ್ತೇನೆ ಎಂದರೆ ಅಲ್ಲಿ ಹೊರಗಿನವರನ್ನು ಬಿಡುವುದಿಲ್ಲ ಎಂದ. ಆಮೇಲೆ ಮೂರು ಸಲ ಮಾತಾಡಿದ್ದೇನೆ. ನಡುವೆ ಎಷ್ಟೋ ದಿನ ಫೋನು ಸ್ವಿಚ್ ಆಫ್.

ಹೋದ ವಾರ ಫೋನಿಗೆ ಸಿಕ್ಕಿದ. ಹಿಂದೆ ಏನೋ ಯಂತ್ರದ ಸದ್ದು, ಯಾರೋ ಕೂಗುವುದು.

“ಏನು ಕೆಲಸ ಕೊಟ್ಟಿದ್ದಾರೆ?” ಎಂದೆ.

“ಸಾಮಾನು ಇಳಸೋದು ರೀ.”

“ಎಷ್ಟು ಭಾರ?”

“ಏನಿಲ್ರಿ ಸಾಹೇಬ್ರ, ಹಗುರನ ಐತಿ,” ಎಂದ. ಅಷ್ಟರಲ್ಲಿ ಯಾರೋ ಅವನನ್ನು ಕರೆದರು. ಮತ್ತೆ ಮಾಡ್ತೀನಿ ಎಂದು ಫೋನಿಟ್ಟ.